ಕಾರಿನ ಸರ್ವಿಸ್ ರಿಮೈಂಡರ್ ‘ರೀಸೆಟ್’ ಮಾಡುವುದಕ್ಕೆ ಕನ್ನಡದಲ್ಲಿ ಏನನ್ನಬೇಕು?

ಮಾನ್ಯರೇ,

ಸರ್ವಿಸ್ ಮುಗಿಸಿದ ಕಾರನ್ನು ಒಡೆಯರ ಕೈಗೆ ಒಪ್ಪಿಸುವಾಗ ಬಿಲ್ಲಿನ ಜೊತೆಗೆ ಕೊಡಲೆಂದು, ಪರಿಚಯದ ವರ್ಕ್‌ಶಾಪ್ ಒಂದಕ್ಕೆ ಎರಡು ಪುಟಗಳ ಕನ್ನಡ ಹಾಳೆಯೊಂದನ್ನು ಬರೆದುಕೊಡುತ್ತಿದ್ದೇನೆ. ಅದನ್ನು ಓದುವವರಲ್ಲಿ ಟ್ಯಾಕ್ಸಿ ಓಡಿಸುವವರು, ಹೊಸದಾಗಿ ಕಾರು ಕೊಂಡವರು, ಮಕ್ಕಳು ಪರ ಊರಿನಲ್ಲಿರುವ ಹಿರಿಯರು, ಎಲ್ಲರೂ ಇರುತ್ತಾರೆ. ಆಯಿಲ್, ಫಿಲ್ಟರ್, ಬ್ರೇಕ್ ಪ್ಯಾಡ್, ಕೂಲೆಂಟ್ ಮುಂತಾದ ಹೆಸರುಗಳ ಬಗ್ಗೆ ನನಗೆ ಗೊಂದಲವಿಲ್ಲ. ಅವು ಗ್ಯಾರೇಜಿನಲ್ಲಿ ಹೇಗಿವೆಯೋ ಹಾಳೆಯಲ್ಲೂ ಹಾಗೆಯೇ ಇರಲಿ ಎಂಬುದು ನನ್ನ ನಿಲುವು. ತೊಡಕು ಬಂದಿರುವುದು ಕೊನೆಯ ಭಾಗದಲ್ಲಿ, ಅಂದರೆ ಸರ್ವಿಸ್ ಆದ ಮೇಲೆ ಡ್ಯಾಶ್‌ಬೋರ್ಡಿನಲ್ಲಿ ಕಾಣುವ ಸರ್ವಿಸ್ ರಿಮೈಂಡರನ್ನು ರೀಸೆಟ್ ಮಾಡುವ ಬಗೆಯನ್ನು ತಿಳಿಸುವಲ್ಲಿ. ಹೆಸರುಪದವನ್ನು ಎರವಲು ಪಡೆದರೆ ನಷ್ಟವಿಲ್ಲ, ಆದರೆ ಓದುಗರು ಸ್ವತಃ ಮಾಡಬೇಕಾದ ಕೆಲಸವೊಂದನ್ನು ಹೇಳುವ ಕ್ರಿಯಾಪದ ಮಸುಕಾಗಿದ್ದರೆ ಹಾಳೆಯೇ ನಿರುಪಯುಕ್ತವಾಗುತ್ತದೆ. ಆದ್ದರಿಂದ ‘ಸರ್ವಿಸ್ ರಿಮೈಂಡರ್’, ‘ರೀಸೆಟ್’ ಎಂಬ ಈ ಎರಡು ಮಾತುಗಳ ಬಗ್ಗೆ ತಮ್ಮೆಲ್ಲರ ಅಭಿಪ್ರಾಯ ಕೋರುತ್ತಿದ್ದೇನೆ.

ಪದಕ್ಕೆ ಹೋಗುವ ಮುನ್ನ ವಸ್ತುವನ್ನು ಸ್ವಲ್ಪ ವಿವರಿಸಬೇಕು. ಕಾರಿನಲ್ಲಿರುವ ಈ ವ್ಯವಸ್ಥೆ, ಕಳೆದ ಸರ್ವಿಸ್ ಆದಂದಿನಿಂದ ಗಾಡಿ ಓಡಿದ ದೂರವನ್ನೂ ಕಳೆದ ದಿನಗಳನ್ನೂ ಲೆಕ್ಕ ಇಡುತ್ತದೆ. ಪೆಟ್ರೋಲ್ ಕಾರುಗಳಲ್ಲಿ ಸಾಮಾನ್ಯವಾಗಿ ಕಾಣುವ ಮಿತಿ 10,000 ಕಿ.ಮೀ. ಅಥವಾ ಒಂದು ವರ್ಷ, ಯಾವುದು ಮೊದಲೋ ಅದು. ಆ ಮಿತಿ ಹತ್ತಿರವಾದಾಗ ಪರದೆಯ ಮೇಲೆ ಒಂದು ಸ್ಪ್ಯಾನರ್ ಚಿತ್ರವೋ ಒಂದು ಸಾಲಿನ ಬರಹವೋ ಮೂಡುತ್ತದೆ. ಇಲ್ಲಿ ಗಮನಿಸಬೇಕಾದ ಸಂಗತಿಯೆಂದರೆ, ಆಯಿಲ್ ಬದಲಾದದ್ದು ಕಾರಿಗೆ ತಾನಾಗಿ ತಿಳಿಯುವುದಿಲ್ಲ. ಜನರಲ್ ಮೋಟರ್ಸ್‌ನ ಕಾರುಗಳಲ್ಲಿರುವಂತೆ ಆಯಿಲ್‌ನ ಬಾಳಿಕೆಯನ್ನು ಶೇಕಡಾವಾರು ತೋರಿಸುವ ವ್ಯವಸ್ಥೆಯೂ ಎಂಜಿನ್ ಎಷ್ಟು ಸುತ್ತು ತಿರುಗಿತು, ಎಷ್ಟು ಬಿಸಿಯಲ್ಲಿ ಕೆಲಸ ಮಾಡಿತು ಎಂಬುದರ ಮೇಲೆ ಹಾಕಿದ ಲೆಕ್ಕವೇ ಹೊರತು ಆಯಿಲನ್ನು ಮುಟ್ಟಿ ನೋಡಿ ಹೇಳಿದ ಮಾತಲ್ಲ. ಹಾಗಾಗಿ ಸರ್ವಿಸ್ ಮಾಡಿದ ಮೇಲೆ ಯಾರಾದರೂ ಕಾರಿಗೆ ‘ಹಳೆಯ ಲೆಕ್ಕ ಮುಗಿಯಿತು, ಇನ್ನು ಹೊಸದನ್ನು ಶುರು ಮಾಡು’ ಎಂದು ಹೇಳಬೇಕಾಗುತ್ತದೆ. ಹೇಳದಿದ್ದರೆ ಹೊಸ ಆಯಿಲ್ ಹಾಕಿದ ಗಾಡಿಯೂ ‘ಸರ್ವಿಸ್ ಮಾಡಿಸಿ’ ಎನ್ನುತ್ತಲೇ ಇರುತ್ತದೆ. ಸರ್ವಿಸ್ ಮಾಡದೆಯೇ ಹೇಳಿದರೆ ಹಳೆಯ ಆಯಿಲ್‌ನಲ್ಲೇ ಇನ್ನೊಂದು ಅವಧಿ ಓಡುತ್ತದೆ. ರೀಸೆಟ್ ಎಂಬುದು ಇಷ್ಟೇ.

ಈಗ ಕ್ರಿಯಾಪದಕ್ಕೆ ಬರುತ್ತೇನೆ. ಮೊಬೈಲ್ ಮತ್ತು ಕಂಪ್ಯೂಟರುಗಳ ಕನ್ನಡದಲ್ಲಿ ‘ಮರುಹೊಂದಿಸು’ ಎಂಬುದು ಬೇರೂರಿದೆ; ‘ಪಾಸ್‌ವರ್ಡ್ ಮರುಹೊಂದಿಸಿ’ ಎಂಬುದನ್ನು ನಾವೆಲ್ಲ ನೋಡಿದ್ದೇವೆ. ಕಾರಿನ ಹಾಳೆಯಲ್ಲಿ ಇದನ್ನು ಬಳಸಲು ನಾನು ಹಿಂಜರಿಯುತ್ತಿದ್ದೇನೆ. ಪ್ರಶ್ನೆಪತ್ರಿಕೆಯ ‘ಹೊಂದಿಸಿ ಬರೆಯಿರಿ’ಯಿಂದ ಹಿಡಿದು ಮದುವೆಗೆ ಹಣ ಹೊಂದಿಸುವವರೆಗೆ ಈ ಧಾತುವಿನಲ್ಲಿ ಇರುವ ಅರ್ಥ ಒಂದಕ್ಕೊಂದು ಸರಿಬರುವಂತೆ ಮಾಡು, ಬೇಕಾದಷ್ಟಕ್ಕೆ ಅಣಿಮಾಡು ಎಂಬುದು. ‘ಸರ್ವಿಸ್ ಅವಧಿಯನ್ನು ಮರುಹೊಂದಿಸಿ’ ಎಂದು ಓದಿದವರು ಅವಧಿಯ ಪ್ರಮಾಣವನ್ನೇ ಬದಲಾಯಿಸಬಹುದು ಎಂದು ತಿಳಿಯುವುದು ಸಹಜ. ಇದು ಬರಿಯ ಊಹೆಯ ತಕರಾರಲ್ಲ. ಹ್ಯೂಂಡೈನ ಹಲವು ಮಾದರಿಗಳ ಮೆನುವಿನಲ್ಲಿ ಸರ್ವಿಸ್ ಅವಧಿಯ ಕಿಲೋಮೀಟರ್ ಮತ್ತು ತಿಂಗಳುಗಳನ್ನು ಬದಲಾಯಿಸುವ ಆಯ್ಕೆಯೂ ರೀಸೆಟ್ ಆಯ್ಕೆಯೂ ಒಂದೇ ಕಡೆ ಇವೆ. ಅಲ್ಲಿ ‘ಹೊಂದಿಸು’ ಎಂಬ ಮಾತು ಮೊದಲನೆಯದಕ್ಕೆ ನ್ಯಾಯವಾಗಿ ಸಲ್ಲಬೇಕಾದದ್ದು. ಎರಡನೆಯದಕ್ಕೆ ‘ಮರು’ ಸೇರಿಸಿ ಅದನ್ನೇ ಕೊಟ್ಟರೆ 10,000 ಇದ್ದದ್ದನ್ನು 15,000 ಮಾಡಿಕೊಂಡು ನೆಮ್ಮದಿಯಾಗಿ ಓಡಿಸುವವರು ಸಿಗುತ್ತಾರೆ.

ಗ್ಯಾರೇಜಿನ ಮಾತಿನಲ್ಲಿ ‘ಸರ್ವಿಸ್ ಲೈಟ್ ತೆಗೆಯಿರಿ’, ‘ಲೈಟ್ ಆರಿಸಿ’ ಎನ್ನುವುದುಂಟು. ಮಾತಿನಲ್ಲಿ ಇದು ಚೆನ್ನಾಗಿಯೇ ನಡೆಯುತ್ತದೆ, ಏಕೆಂದರೆ ಎದುರಿಗೆ ಗಾಡಿಯೂ ಇರುತ್ತದೆ, ಬೆರಳು ತೋರಿಸುವ ಮೆಕ್ಯಾನಿಕ್ಕೂ ಇರುತ್ತಾನೆ. ಬರಹದಲ್ಲಿ ‘ಆರಿಸು’ ಅಪಾಯಕಾರಿ. ಆಯ್ದುಕೊಳ್ಳುವುದೂ ಆರಿಸುವುದೇ, ನಂದಿಸುವುದೂ ಆರಿಸುವುದೇ. ‘ಮೆನುವಿನಲ್ಲಿ ಸರ್ವಿಸ್ ಎಂಬುದನ್ನು ಆರಿಸಿ, ಅನಂತರ ಸರ್ವಿಸ್ ದೀಪವನ್ನು ಆರಿಸಿ’ ಎಂಬ ವಾಕ್ಯವನ್ನು ಬರೆದು ನೋಡಿ, ಕೂಡಲೇ ಹೊಡೆದುಹಾಕಿದೆ. ಅದಕ್ಕಿಂತ ದೊಡ್ಡ ಆಕ್ಷೇಪವೆಂದರೆ, ದೀಪ ಹೋಗುವುದು ಪರಿಣಾಮ, ಕೆಲಸ ಎಣಿಕೆಯದ್ದು. ‘ದೀಪ ಆರಿಸುವ ವಿಧಾನ’ ಎಂದು ತಲೆಬರಹ ಕೊಟ್ಟರೆ, ಸರ್ವಿಸ್‌ಗೆ ದುಡ್ಡು ಹಾಕುವ ಬದಲು ದೀಪವನ್ನೊಂದು ಆರಿಸಿಕೊಂಡರೆ ಸಾಕೆಂಬ ಧ್ವನಿ ಬಂದುಬಿಡುತ್ತದೆ.

ಮೂರನೆಯದು ‘ಸೊನ್ನೆ ಮಾಡು’, ‘ಸೊನ್ನೆಗೆ ತರು’. ಟ್ರಿಪ್ ಮೀಟರಿನ ಮಟ್ಟಿಗೆ ಇದಕ್ಕಿಂತ ಒಳ್ಳೆಯ ಮಾತಿಲ್ಲ. ಪೆಟ್ರೋಲ್ ತುಂಬಿಸಿದಾಗ ಟ್ರಿಪ್ ಸೊನ್ನೆ ಮಾಡಿಕೊಂಡು ಮೈಲೇಜ್ ನೋಡುವವರು ಆಡುವ ಮಾತೇ ಅದು. ನಾನೂ ಮೊದಲಿಗೆ ಇದರ ಕಡೆಗೇ ವಾಲಿದ್ದೆ. ಆದರೆ ಸರ್ವಿಸ್ ರಿಮೈಂಡರ್ ಹೆಚ್ಚಿನ ಕಾರುಗಳಲ್ಲಿ ಮೇಲಿನಿಂದ ಕೆಳಕ್ಕೆ ಎಣಿಸುತ್ತದೆ. ಇನ್ನು ಎಷ್ಟು ಕಿಲೋಮೀಟರ್ ಉಳಿದಿದೆ ಎಂದು ತೋರಿಸುತ್ತಾ ಬಂದು, ಸರ್ವಿಸ್ ಮಾಡಿಸಲೇಬೇಕಾದ ಗಳಿಗೆಯಲ್ಲಿ ಅದು ಸೊನ್ನೆ ಮುಟ್ಟುತ್ತದೆ. ಅಂದರೆ ಸೊನ್ನೆ ಎಂಬುದು ರೀಸೆಟ್ ಆದ ಸ್ಥಿತಿಯಲ್ಲ, ರೀಸೆಟ್ ಮಾಡಬೇಕಾದ ಸ್ಥಿತಿ! ಅಮೆರಿಕದಲ್ಲಿ ಮಾರಾಟವಾಗುವ ಹೋಂಡಾ ಕಾರುಗಳಲ್ಲಿ ಆಯಿಲ್‌ನ ಉಳಿದ ಬಾಳಿಕೆ ಶೇ. 15ಕ್ಕೆ ಇಳಿದಾಗ ಮೊದಲ ಸೂಚನೆ, ಶೇ. 5ರಲ್ಲಿ ಎರಡನೆಯದು, ಶೇ. 0 ದಾಟಿದ ಮೇಲೆ ಮೂರನೆಯದು ಬರುತ್ತದೆ. ರೀಸೆಟ್ ಮಾಡಿದಾಗ ಅದು ಮತ್ತೆ 100ಕ್ಕೆ ಏರುತ್ತದೆ. ಫೋಕ್ಸ್‌ವ್ಯಾಗನ್ ಕಾರುಗಳಲ್ಲಿ ಮಿತಿ ಮೀರಿದ ಮೇಲೆ ಅಂಕಿಗೆ ಮೊದಲು ಋಣ ಚಿಹ್ನೆ ಬರುತ್ತದೆ. ಇಂಥ ಕಡೆಗಳಲ್ಲೆಲ್ಲ ‘ಸೊನ್ನೆಗೆ ತನ್ನಿ’ ಎಂಬ ಸೂಚನೆ ತಲೆಕೆಳಗಾದ ಅರ್ಥ ಕೊಡುತ್ತದೆ. ಮೇಲೇರುವ ಎಣಿಕೆಗೂ ಕೆಳಗಿಳಿಯುವ ಎಣಿಕೆಗೂ ಒಪ್ಪುವ ಮಾತು ನಮಗೆ ಬೇಕು.

ಉಳಿದ ಕೆಲವನ್ನು ಬೇಗ ಮುಗಿಸುತ್ತೇನೆ. ‘ಮರುಎಣಿಕೆ’ ಎಂದರೆ ಚುನಾವಣೆಯಲ್ಲಿ ಮೊದಲ ಎಣಿಕೆ ಸರಿಯೋ ತಪ್ಪೋ ಎಂದು ಮತ್ತೆ ನೋಡುವುದು. ‘ಮರುಪ್ರಾರಂಭಿಸಿ’ ಎಂದರೆ ಓದಿದವರು ಎಂಜಿನ್ ನಿಲ್ಲಿಸಿ ಮತ್ತೆ ಸ್ಟಾರ್ಟ್ ಮಾಡುತ್ತಾರೆ. ‘ನವೀಕರಿಸಿ’ ಎಂದರೆ ವಾಹನದ ಸಂದರ್ಭದಲ್ಲಿ ವಿಮೆ ಮತ್ತು ಲೈಸೆನ್ಸ್ ಬಿಟ್ಟು ಬೇರೇನೂ ನೆನಪಾಗುವುದಿಲ್ಲ. ಇವೆಲ್ಲಕ್ಕಿಂತ ಆಟೋರಿಕ್ಷಾದ ‘ಮೀಟರ್ ಹಾಕಿ’ ಎಂಬುದು ನನಗೆ ಹೆಚ್ಚು ಹಿಡಿಸಿತು: ಹಿಂದಿನ ಪ್ರಯಾಣದ ಲೆಕ್ಕ ಬಿಟ್ಟು ಕನಿಷ್ಠ ದರದಿಂದ ಹೊಸ ಲೆಕ್ಕ ಶುರು ಮಾಡುವುದನ್ನು ನಮ್ಮ ಜನ ಎಷ್ಟು ಸಲೀಸಾಗಿ ಎರಡು ಪದದಲ್ಲಿ ಹೇಳಿಬಿಟ್ಟಿದ್ದಾರೆ. ಆದರೆ ಅದನ್ನು ಕಾರಿಗೆ ತರಲಾಗದು. ಮೇಲಾಗಿ ಕಾರಿನಲ್ಲಿ ಮೀಟರ್ ಎಂದರೆ ಓಡೋಮೀಟರ್, ಅದನ್ನು ಮುಟ್ಟುವುದು ಹಳೆ ಕಾರಿನ ವ್ಯಾಪಾರದಲ್ಲಿ ‘ಮೀಟರ್ ಹಿಂದಕ್ಕೆ ತಿರುಗಿಸುವುದು’ ಎನಿಸಿಕೊಳ್ಳುವ ಮೋಸ. ಸರ್ವಿಸ್ ಎಣಿಕೆ ಹೊಸದಾದರೂ ಓಡೋಮೀಟರಿನ ಒಟ್ಟು ದೂರ ಹಾಗೆಯೇ ಇರುತ್ತದೆ ಎಂಬ ಸಾಲೊಂದನ್ನು ಹಾಳೆಯಲ್ಲಿ ಸೇರಿಸಿದ್ದೇನೆ.

ನಾಮಪದದ ಕಡೆ ತಿರುಗೋಣ. ರಿಮೈಂಡರ್‌ಗೆ ಸರ್ಕಾರಿ ಕಚೇರಿಗಳಲ್ಲಿ ‘ನೆನಪೋಲೆ’ ಎಂಬ ಸೊಗಸಾದ ಪದ ಬಳಕೆಯಲ್ಲಿದೆ, ಆದರೆ ಓಲೆ ಇಲ್ಲದ ಕಡೆ ಅದು ಸಲ್ಲದು. ‘ಸೇವಾ ಜ್ಞಾಪನೆ’ ಎಂದು ಅಚ್ಚುಕಟ್ಟಾಗಿ ಬರೆದರೆ ದೇವಸ್ಥಾನದ ಕೌಂಟರಿನಲ್ಲಿ ಸೇವಾ ರಸೀದಿ ಬರೆಸಿದಂತಾಗುತ್ತದೆ. ‘ನಿರ್ವಹಣೆ’ ವಿದ್ಯುತ್ ಕಡಿತದ ಪ್ರಕಟಣೆಗಳಿಂದಾಗಿ ಪರಿಚಿತವೇ ಆದರೂ ಕಾರಿಗೆ ಯಾರೂ ‘ನಿರ್ವಹಣೆ ಮಾಡಿಸು’ವುದಿಲ್ಲ, ಸರ್ವಿಸ್ ಮಾಡಿಸುತ್ತಾರೆ. ‘ಸರ್ವಿಸ್ ಸೂಚನೆ’ ಎಂಬುದು ಹತ್ತಿರ ಬರುತ್ತದೆ. ಆದರೆ ನಮ್ಮ ಮುದ್ರಿತ ಹಾಳೆಗಳಲ್ಲಿ ‘ಸೂಚನೆಗಳು’ ಎಂದರೆ ಓದುಗರು ಪಾಲಿಸಬೇಕಾದ ನಿಯಮಗಳು ಎಂದೇ ರೂಢಿಯಾಗಿದೆ. ‘ಬಾಕಿ’ಯನ್ನೂ ತೂಗಿ ನೋಡಿದೆ. ‘ಸರ್ವಿಸ್‌ಗೆ 500 ಕಿ.ಮೀ. ಬಾಕಿ ಇದೆ’ ಎಂದರೆ ಇನ್ನೂ ಸಮಯವಿದೆ ಎಂದಾಗುತ್ತದೆ, ‘ಸರ್ವಿಸ್ ಬಾಕಿ ಇದೆ’ ಎಂದರೆ ತಡವಾಗಿದೆ ಎಂದಾಗುತ್ತದೆ. ಒಂದೇ ಪದ ಎರಡು ಕಡೆಗೂ ಎಳೆಯುತ್ತದೆ.

ಕೊನೆಗೆ ನಾನು ಬಂದು ನಿಂತಿರುವುದು ‘ಗಡುವು’ ಎಂಬಲ್ಲಿ. ತೆರಿಗೆಗೂ ಅರ್ಜಿಗೂ ದಿನವೂ ಪತ್ರಿಕೆಗಳಲ್ಲಿ ಕಾಣುವ ಪದವಾದ್ದರಿಂದ ವಿವರಣೆ ಬೇಕಿಲ್ಲ. ಕಾರು ಹೇಳುವ ಮೂರು ಹಂತಗಳನ್ನೂ ಅದು ಸರಾಗವಾಗಿ ಹೊರುತ್ತದೆ: ಸರ್ವಿಸ್ ಗಡುವು ಹತ್ತಿರ ಬಂದಿದೆ, ಗಡುವು ಬಂದಿದೆ, ಗಡುವು ಮೀರಿದೆ. ಫೋಕ್ಸ್‌ವ್ಯಾಗನ್‌ನಲ್ಲಿ ಋಣ ಚಿಹ್ನೆಯೊಂದಿಗೆ 300 ಎಂದು ಕಂಡರೆ ‘ಗಡುವು ಮೀರಿ 300 ಕಿ.ಮೀ. ಆಗಿದೆ’ ಎಂದು ಹೇಳಬಹುದು. ಗಡುವು ಕಾಲಕ್ಕೆ ಸಂಬಂಧಿಸಿದ್ದು, ಅದನ್ನು ಕಿಲೋಮೀಟರಿಗೆ ಹೇಗೆ ಹಚ್ಚುತ್ತೀರಿ ಎಂದು ಯಾರಾದರೂ ಕೇಳಬಹುದು. ‘ಒಂದು ವರ್ಷ ಅಥವಾ 10,000 ಕಿ.ಮೀ.’ ಎಂದು ಎರಡನ್ನೂ ಒಟ್ಟಿಗೆ ಹೇಳುವ ಕಡೆ ಇಷ್ಟು ಹಿಗ್ಗುವಿಕೆಯನ್ನು ಓದುಗರು ಸಹಿಸುತ್ತಾರೆಂದು ನನ್ನ ನಂಬಿಕೆ. ಕೋರ್ಟಿನ ಮತ್ತು ಸಾಲದ ಭಾಷೆಯ ‘ವಾಯಿದೆ’ಯೂ ಇಲ್ಲಿಗೆ ಸಲ್ಲಬಹುದು, ಆದರೆ ಎಳೆಯರಿಗೆ ಅದು ಅಷ್ಟಾಗಿ ತಿಳಿಯದು.

ಹೀಗೆ ಮಾಡಿಕೊಂಡರೆ ಕ್ರಿಯಾಪದದ ತೊಂದರೆಯೂ ಅರ್ಧ ನೀಗುತ್ತದೆ. ‘ಸರ್ವಿಸ್ ಗಡುವಿನ ಎಣಿಕೆಯನ್ನು ಹೊಸದಾಗಿ ಶುರು ಮಾಡುವುದು’ ಎಂದು ತಲೆಬರಹದಲ್ಲಿ ಒಮ್ಮೆ ಪೂರ್ತಿಯಾಗಿ ಬರೆದು, ಕೆಳಗೆಲ್ಲ ‘ಎಣಿಕೆ ಹೊಸದು ಮಾಡಿ’ ಎಂದು ಚಿಕ್ಕದಾಗಿ ಬರೆಯಬಹುದು. ರೀಸೆಟ್ ಎಂಬ ಪದವನ್ನು ಗುಂಡಿಯ ಅಥವಾ ಮೆನುವಿನ ಹೆಸರಾಗಿ ಮಾತ್ರ ಉಳಿಸಿಕೊಳ್ಳುತ್ತೇನೆ, ಏಕೆಂದರೆ ಪರದೆಯ ಮೇಲೆ ಕಾಣುವುದು ಅದೇ. ಕಾಣದ ಹೆಸರನ್ನು ಹುಡುಕಲು ಹೇಳಿದರೆ ಓದುಗರು ದಾರಿ ತಪ್ಪುತ್ತಾರೆ.

ದೋಷದ ದೀಪಗಳನ್ನು ಇದರಿಂದ ಬೇರೆಯಾಗಿಡುವುದೂ ಅಗತ್ಯ. ಎಂಜಿನ್ ಆಕಾರದ ಹಳದಿ ದೀಪ ಹತ್ತಿದಾಗಲೂ ಜನ ‘ರೀಸೆಟ್ ಮಾಡಿಸಿ’ ಎಂದೇ ಹೇಳುತ್ತಾರೆ. ಅಲ್ಲಿ ನಡೆಯುವುದು ಬೇರೆ: ಡ್ಯಾಶ್‌ಬೋರ್ಡಿನ ಕೆಳಗಿರುವ ಸಾಕೆಟ್ಟಿಗೆ ಸ್ಕ್ಯಾನರ್ ಸಿಕ್ಕಿಸಿ, ಕಂಪ್ಯೂಟರಿನ ನೆನಪಿನಲ್ಲಿ ದಾಖಲಾದ ದೋಷದ ಕೋಡನ್ನು ಓದಿ, ದೋಷ ಸರಿಪಡಿಸಿದ ಮೇಲೆ ಅದನ್ನು ಅಳಿಸುವುದು. ಅದಕ್ಕೆ ‘ಅಳಿಸು’ ಎಂಬುದೇ ಸರಿ. ಎಣಿಕೆಗೆ ‘ಹೊಸದು ಮಾಡು’, ದಾಖಲೆಗೆ ‘ಅಳಿಸು’, ಟ್ರಿಪ್ಪಿಗೆ ‘ಸೊನ್ನೆ ಮಾಡು’ ಎಂದು ಮೂರನ್ನು ಬೇರ್ಪಡಿಸಿದರೆ ಒಂದೇ ರೀಸೆಟ್‌ನಲ್ಲಿ ಮೂರೂ ಕಲಸಿಹೋಗಿದ್ದದ್ದು ತಿಳಿಯಾಗುತ್ತದೆ. ಚಿತ್ರ ನೋಡಿ ತಿಳಿದುಕೊಳ್ಳಲಿ ಎಂದು ಬಿಡುವಂತೆಯೂ ಇಲ್ಲ. ಹಲವು ಕಾರುಗಳಲ್ಲಿ ಸರ್ವಿಸ್ ಗಡುವಿಗೆ ಬಳಸುವ ಸ್ಪ್ಯಾನರ್ ಚಿತ್ರವನ್ನೇ ಫೋರ್ಡ್ ಕಾರುಗಳು ಎಂಜಿನ್-ಗೇರ್ ವ್ಯವಸ್ಥೆಯ ದೋಷಕ್ಕೆ ಬಳಸುತ್ತವೆ. ಕೆಂಪು ಎಣ್ಣೆಗಿಂಡಿಯ ದೀಪವಂತೂ ಆಯಿಲ್ ಒತ್ತಡ ಕುಸಿದದ್ದನ್ನು ಹೇಳುವಂಥದ್ದು. ಅದು ಹತ್ತಿದಾಗ ಗಾಡಿಯನ್ನು ಪಕ್ಕಕ್ಕೆ ಹಾಕಿ ಎಂಜಿನ್ ನಿಲ್ಲಿಸಬೇಕೇ ಹೊರತು ಗುಂಡಿ ಒತ್ತುತ್ತಾ ಕೂರುವುದಲ್ಲ.

ನಾನು ಬರೆದಿರುವ ಒಂದು ಭಾಗವನ್ನು ತಮ್ಮ ಪರಿಶೀಲನೆಗೆ ಇಲ್ಲಿ ಕೊಡುತ್ತೇನೆ. ಇದು ಟೊಯೋಟಾದ ಹಲವು ಮಾದರಿಗಳಲ್ಲಿರುವ ಕ್ರಮ: ‘ಪರದೆಯಲ್ಲಿ ಟ್ರಿಪ್ ಎ ಕಾಣುವಂತೆ ಮಾಡಿ. ಕೀಲಿಯನ್ನು ಆಫ್ ಸ್ಥಾನಕ್ಕೆ ತನ್ನಿ. ಟ್ರಿಪ್ ಗುಂಡಿಯನ್ನು ಒತ್ತಿ ಹಿಡಿದುಕೊಂಡೇ ಕೀಲಿಯನ್ನು ಆನ್ ಸ್ಥಾನಕ್ಕೆ ಮಾತ್ರ ತಿರುಗಿಸಿ. ಎಂಜಿನ್ ಸ್ಟಾರ್ಟ್ ಮಾಡಬೇಡಿ. ಪರದೆಯಲ್ಲಿ ಸೊನ್ನೆಗಳ ಸಾಲು ಕಾಣುವವರೆಗೂ ಗುಂಡಿಯಿಂದ ಬೆರಳು ತೆಗೆಯಬೇಡಿ.’ ಇದರಲ್ಲಿ ‘ಆನ್’ ನನಗೆ ಇನ್ನೂ ಸಮಾಧಾನ ತಂದಿಲ್ಲ. ನಮ್ಮ ಮಾತಿನಲ್ಲಿ ‘ಗಾಡಿ ಆನ್ ಮಾಡು’ ಎಂದರೆ ಎಂಜಿನ್ ಸ್ಟಾರ್ಟ್ ಮಾಡು ಎಂದೇ ಅರ್ಥ. ಡ್ಯಾಶ್‌ಬೋರ್ಡಿನ ದೀಪಗಳೆಲ್ಲ ಹತ್ತಿ ಎಂಜಿನ್ ಮಾತ್ರ ಸುಮ್ಮನಿರುವ ಆ ನಡುವಿನ ಸ್ಥಿತಿಗೆ ಪ್ರತ್ಯೇಕ ಪದ ನನಗೆ ಸಿಕ್ಕಿಲ್ಲ. ಕೀಲಿಯ ಬದಲು ಸ್ಟಾರ್ಟ್ ಗುಂಡಿ ಇರುವ ಕಾರುಗಳಲ್ಲಿ ಬ್ರೇಕ್ ತುಳಿಯದೆ ಗುಂಡಿ ಒತ್ತಿ ಆ ಸ್ಥಿತಿಗೆ ಬರಬೇಕು, ತುಳಿದು ಒತ್ತಿದರೆ ಎಂಜಿನ್ ಹತ್ತಿಕೊಳ್ಳುತ್ತದೆ. ‘ಬ್ರೇಕ್ ತುಳಿಯದೆ’ ಎಂಬ ಒಂದು ಮಾತು ಬಿಟ್ಟರೆ ಇಡೀ ಕ್ರಮ ಕೆಡುತ್ತದೆ.

ನನ್ನ ಕೇಳಿಕೆಗಳು ಇವು. ಗಡುವು ಎಂಬುದನ್ನು ಕಿಲೋಮೀಟರಿನ ಮಿತಿಗೂ ಬಳಸಬಹುದೇ, ಅಥವಾ ಕಿವಿಗೆ ಒರಟೆನಿಸುತ್ತದೆಯೇ? ‘ಎಣಿಕೆ ಹೊಸದು ಮಾಡಿ’ ಎಂಬುದಕ್ಕಿಂತ ಚುರುಕಾದ ಕ್ರಿಯಾಪದವೊಂದು ತಮ್ಮ ಕಡೆಯ ಡ್ರೈವರುಗಳ, ಮೆಕ್ಯಾನಿಕ್ಕುಗಳ ಬಾಯಲ್ಲಿ ಇದೆಯೇ? ಉತ್ತರ ಕರ್ನಾಟಕದ ಗ್ಯಾರೇಜುಗಳಲ್ಲಿ ಸ್ಪ್ಯಾನರಿಗೆ ‘ಪಾನಾ’ ಎನ್ನುವುದರಿಂದ, ಅಲ್ಲಿನವರು ಆ ಚಿಹ್ನೆಯ ದೀಪಕ್ಕೆ ಏನೆಂದು ಕರೆಯುತ್ತಾರೆಂಬುದನ್ನು ತಿಳಿಯುವ ಆಸೆಯೂ ಇದೆ. ಕೀಲಿಯ ಆ ನಡುವಿನ ಸ್ಥಾನಕ್ಕೆ ಕರಾವಳಿಯಲ್ಲೋ ಮಲೆನಾಡಿನಲ್ಲೋ ಒಂದು ಮಾತಿದ್ದರೆ ದಯವಿಟ್ಟು ತಿಳಿಸಿ. ಹಾಳೆ ಅಚ್ಚಿಗೆ ಹೋಗುವ ಮುನ್ನ ಅದನ್ನು ಸೇರಿಸಿಕೊಳ್ಳುತ್ತೇನೆ.

ವಂದನೆಗಳೊಂದಿಗೆ.