ಬುಖಾರಾ ಬಿದ್ದದ್ದು ಫೆಬ್ರವರಿಯಲ್ಲೋ ಮಾರ್ಚಿನಲ್ಲೋ? ಬಾರ್ತೋಲ್ಡ್ ಓದಿದವರು ಹೇಳಿ

ಹಳೇಹೊತ್ತಿಗೆ:
ರಷ್ಯನ್ ಇತಿಹಾಸಕಾರ ವಾಸಿಲಿ ಬಾರ್ತೋಲ್ಡ್ (1869–1930) ಬರೆದ ‘ತುರ್ಕಿಸ್ತಾನ’ವನ್ನು ಇಂಗ್ಲಿಷಿನಲ್ಲಿ ಓದ್ತಿದೀನಿ. ಚಂಗೀಸ್ ಖಾನ್ ಮಧ್ಯ ಏಷ್ಯಾದ ಬುಖಾರಾ ನಗರ ಹಿಡಿದ ತಾರೀಖಿನ ಹತ್ರ ಸಿಕ್ಕಿಹಾಕ್ಕೊಂಡೆ. ಪಾರ್ಸಿ ಇತಿಹಾಸಕಾರ ಜುವೈನಿ ಹಿಜರಿ 617ರ ಮೊಹರಂ ಅಂತಾನೆ, ಅಂದ್ರೆ ಮಾರ್ಚ್ 1220. ಅರಬ್ಬಿ ಇತಿಹಾಸಕಾರ ಇಬ್ನ್ ಅಲ್ ಅಸೀರ್ 616ರ ಜಿಲ್‌ಹಜ್ (ಹಿಜರಿ ವರ್ಷದ ಕೊನೇ ತಿಂಗಳು) 4, ಮಂಗಳವಾರ ಅಂತಾನೆ. ಆ ಜಿಲ್‌ಹಜ್ ತಾರೀಖನ್ನ ಕನ್ವರ್ಟರ್‌ಗೆ ಹಾಕಿದ್ರೆ ಒಂದು ಫೆಬ್ರವರಿ 10 ತೋರಿಸುತ್ತೆ, ಇನ್ನೊಂದು 17. ಎರಡೂ ಸೋಮವಾರ! ಯಾವುದನ್ನ ನಂಬೋದು? ಜೊತೆಗೆ, ರಷ್ಯನ್ ಬರದವರಿಗೆ ಬಾರ್ತೋಲ್ಡ್ ಎಷ್ಟು ದಕ್ತಾನೆ?

ಪಂಚಾಂಗಿ:
10 ಮತ್ತು 17 ಒಂದೇ ದಿನ. ಮೊದಲನೇದು ಹಳೇ ಜೂಲಿಯನ್ ಕ್ಯಾಲೆಂಡರ್, ಎರಡನೇದು ಈಗಿನ ಗ್ರೆಗೋರಿಯನ್ ಲೆಕ್ಕ. 13ನೇ ಶತಮಾನದಲ್ಲಿ ಇವೆರಡರ ಅಂತರ 7 ದಿನ. ಇತಿಹಾಸದ ಪುಸ್ತಕಗಳು 1582ಕ್ಕೆ ಹಿಂದಿನದನ್ನ ಜೂಲಿಯನ್‌ನಲ್ಲೇ ಕೊಡೋದು ರೂಢಿ.

ಕೈಯಲ್ಲೇ ಲೆಕ್ಕ ಹಾಕಿ ನೋಡಿ. ಹಿಜರಿ ಕೋಷ್ಟಕದಲ್ಲಿ 30 ವರ್ಷಕ್ಕೆ 11 ಅಧಿಕ ವರ್ಷ. 616ನ್ನ 30ರಿಂದ ಭಾಗಿಸಿದ್ರೆ ಶೇಷ 16, ಆ ಚಕ್ರದಲ್ಲಿ 16ನೇದು ಅಧಿಕ ವರ್ಷ, ಹಾಗಾಗಿ ಜಿಲ್‌ಹಜ್‌ಗೆ 30 ದಿನ. 617ರ ಮೊಹರಂ 1 ಅಂದ್ರೆ 1220 ಮಾರ್ಚ್ 8, ಭಾನುವಾರ. ಅಲ್ಲಿಂದ 30 ದಿನ ಹಿಂದೆ ಹೋದ್ರೆ ಜಿಲ್‌ಹಜ್ 1 ಬೀಳೋದು ಫೆಬ್ರವರಿ 7ಕ್ಕೆ. ಆ ಫೆಬ್ರವರಿಗೆ 29 ದಿನ, ಮರೆತ್ರೆ ಇಲ್ಲೇ ಎಡವ್ತೀರ. ಅಲ್ಲಿಗೆ 4ನೇ ತಾರೀಖು ಫೆಬ್ರವರಿ 10, ಸೋಮವಾರ.

ಮೂಲದಲ್ಲಿ ಮಂಗಳವಾರ ಇದೆಯಲ್ಲ? ಅದು ತಪ್ಪಲ್ಲ. ಕೋಷ್ಟಕ ನಡೆಯೋದು ಗಣಿತದ ಮೇಲೆ, ತಿಂಗಳು ಶುರುವಾಗೋದು ಕಣ್ಣಿಗೆ ಚಂದ್ರ ಕಂಡ ಮೇಲೆ. ಒಂದು ದಿನ ಆಚೀಚೆ ಆಗೋದು ಮಾಮೂಲು. ಅಲ್ಲದೆ ಅವರ ಮಂಗಳವಾರ ಸೋಮವಾರದ ಸೂರ್ಯಾಸ್ತಕ್ಕೇ ಶುರು. ವಾರ ಕೊಟ್ಟಿದ್ರೆ ವಾರಾನೇ ಹಿಡ್ಕೊಳ್ಳಿ. ಎರಡು ದಿನಕ್ಕಿಂತ ಹೆಚ್ಚು ವ್ಯತ್ಯಾಸ ಬಂದ್ರೆ ಮಾತ್ರ ನಕಲುಗಾರನ ಮೇಲೆ ಅನುಮಾನ ಪಡಿ.

ನುಕ್ತಾ:
ನಕಲುಗಾರನ ಕೈಚಳಕಕ್ಕೆ ಒಂದು ಮಾದರಿ: ಅರಬ್ಬಿಯಲ್ಲಿ ಏಳು ‘ಸಬ್‌ಅ’, ಒಂಬತ್ತು ‘ತಿಸ್‌ಅ’. ನುಕ್ತೆ (ಅಕ್ಷರದ ಚುಕ್ಕಿ) ಬಿಟ್ಟುಹೋದ್ರೆ ಎರಡಕ್ಕೂ ಹಲ್ಲಿನಂಥ ನಾಲ್ಕೇ ಗೀಟು, ಕೊನೆಗೊಂದು ‘ಐನ್’ ಅಕ್ಷರ. ಇಸವಿಯಲ್ಲಿ 7 ಅಥವಾ 9 ಕಂಡಾಗಲೆಲ್ಲ ಇನ್ನೊಂದನ್ನೂ ಹಾಕಿ ನೋಡಬೇಕು.

ಇಲ್ಲಿ ಆ ಗೊಂದಲವೇನಿಲ್ಲ. ಇಬ್ನ್ ಅಲ್ ಅಸೀರ್ (1160–1233) ಆ ಕಾಲದವನೇ, ಆದರೆ ಇದ್ದದ್ದು ದೂರದ ಮೋಸುಲ್‌ನಲ್ಲಿ. ಜುವೈನಿ ಹುಟ್ಟಿದ್ದೇ 1226ರಲ್ಲಿ. ಬುಖಾರಾದ ನಂತರ ಬಿದ್ದ ಸಮರ್ಕಂದದ ಕಥೆ ಮುಗಿದದ್ದು ಮಾರ್ಚ್ 1220ರಲ್ಲಿ, ಹಾಗಾಗಿ ಫೆಬ್ರವರಿಯೇ ಸರಿ.

ರಷ್ಯನ್ ಇಲ್ಲದಿದ್ರೂ ಬಹಳಷ್ಟು ದಕ್ಕುತ್ತೆ. ‘ತುರ್ಕಿಸ್ತಾನ’ದ ಅಧ್ಯಯನ ಭಾಗ ರಷ್ಯನ್‌ನಲ್ಲಿ 1900ರಲ್ಲಿ, ಇಂಗ್ಲಿಷಿನಲ್ಲಿ 1928ರಲ್ಲಿ ಬಂತು. ಕೊಳ್ಳೋದಾದ್ರೆ 1968ರ ಮೂರನೇ ಮುದ್ರಣ ಹುಡುಕಿ, ಹಿಂದೆ ಸೇರದಿದ್ದ ಒಂದು ಅಧ್ಯಾಯ ಅದರಲ್ಲಿದೆ. 1898ರ ಮೊದಲ ಭಾಗ ಬರೀ ಮೂಲಪಠ್ಯಗಳ ಆಯ್ದ ತುಣುಕು. ಪಾರ್ಸಿ, ಅರಬ್ಬಿ ಬಂದ್ರೆ ಅದಕ್ಕಿಂತ ದೊಡ್ಡ ನಿಧಿ ಇಲ್ಲ, ಆದ್ರೂ ಅದನ್ನ ತೆರೆಯೋರು ಕಡಿಮೆ. ತಿಮೂರನ ಮೊಮ್ಮಗ ಉಲುಗ್ ಬೇಗ್ ಮೇಲಿನ 1918ರ ಕೃತಿಯನ್ನ ಮಿನೋರ್ಸ್ಕಿ ಇಂಗ್ಲಿಷಿಗೆ ತಂದಿದ್ದಾರೆ. ರಷ್ಯನ್ ಸಮಗ್ರ ಕೃತಿ 9 ಸಂಪುಟ, 1963ರಿಂದ 1977. ಕ್ಯಾಟಲಾಗ್‌ನಲ್ಲಿ ಹೆಸರನ್ನ ‘ಟಿ’ ಮತ್ತು ‘ಟಿಎಚ್’ ಎರಡೂ ಕಾಗುಣಿತದಲ್ಲಿ ಹುಡುಕಿ.

ಬೀದರಿನಿಂದ:
ಪಾರ್ಸಿ ಕಲೀಲಿಕ್ಕ ಜುವೈನಿಯಿಂದ ಶುರು ಮಾಡಬ್ಯಾಡ್ರಿ. ಅಲಂಕಾರ, ನಡುನಡುವ ಅರಬ್ಬಿ ಪದ್ಯ, ತಲಿ ತಿರಗತದ. ಮೊದಲ ನರ್ಶಖಿಯ ಬುಖಾರಾ ಚರಿತ್ರೆ ಓದ್ರಿ. ಅರಬ್ಬಿ ಮೂಲದಿಂದ 1128ರಾಗ ಪಾರ್ಸಿಗೆ ಬಂದದ್ದು, ವಾಕ್ಯ ಸಣ್ಣವು. ಆಮ್ಯಾಲ ಬೈಹಖಿಯ ಚರಿತ್ರೆ. ಹಸ್ತಪ್ರತಿ ಹಿಡಿದಾಗ ‘ಗಾಫ್’ ಅನ್ನೋ ಅಕ್ಷರ ‘ಕಾಫ್’ ಹಂಗೇ ಇರತದ, ‘ಪೆ’ ಬಹಳ ಕಡಿ ‘ಬೆ’ ಹಂಗ. ಹಳೇ ಪ್ರತಿಯೊಳಗ ಸ್ವರ ಆದ ಮ್ಯಾಲ ಬರೋ ‘ದಾಲ್’ಗೆ ಚುಕ್ಕಿ ಇಟ್ಟು ‘ಜಾಲ್’ ಮಾಡಿರತಾರ. ಗೀಲಾನಿನಿಂದ ಬಂದ ನಮ್ಮ ಮಹಮೂದ್ ಗವಾನನ ಪತ್ರಗಳು ಚಲೋ ಅದಾವ, ಆದ್ರ ಅವನ್ನ ಕಡೀಕಿಟ್ಕೋರಿ, ಜುವೈನಿಗಿಂತ ಬಿಗಿ.

ಹಳೇಹೊತ್ತಿಗೆ:
ಎಲ್ರಿಗೂ ಧನ್ಯವಾದ. ಹಾಗಾದ್ರೆ ಟಿಪ್ಪಣಿಯಲ್ಲಿ 10 ಅಂತ ಬರೀಲಾ, 11 ಅಂತಲಾ?

ಪಂಚಾಂಗಿ:
ಮೊದಲು ಮೂಲದಲ್ಲಿದ್ದ ಹಾಗೇ: ಮಂಗಳವಾರ, 4 ಜಿಲ್‌ಹಜ್ 616. ಪಕ್ಕದಲ್ಲಿ ‘ಕೋಷ್ಟಕದಂತೆ 10, ವಾರದಂತೆ 11 ಫೆಬ್ರವರಿ 1220, ಜೂಲಿಯನ್’.