ತುರ್ತು: ಫಲಕದ ಮೇಲಿನ ಇಂಗ್ಲಿಷ್ ‘ಬೈ’ಗೆ (by) ಕನ್ನಡದಲ್ಲಿ ಏನು ಬರೆಯಬೇಕು?

ಮೈಸೂರಿನಿಂದ:

ಎಲ್ಲರಿಗೂ ನಮಸ್ಕಾರ. ನಮ್ಮ ಛಾಯಾಗ್ರಾಹಕರ ಬಳಗ ಕೆರೆಗಳ ಚಿತ್ರಗಳ ಪ್ರದರ್ಶನ ಏರ್ಪಡಿಸಿದೆ. ಪ್ರಕಟಣೆಯನ್ನು ಮೊದಲು ಇಂಗ್ಲಿಷಿನಲ್ಲಿ ಬರೆದರು. ಅದರ ಕನ್ನಡ ಇಂದು ಸಂಜೆ ಐದಕ್ಕೆ ಫ್ಲೆಕ್ಸ್ ಮುದ್ರಿಸುವವರಿಗೆ ತಲುಪಬೇಕು. ಆ ಪುಟ್ಟ ಪ್ರಕಟಣೆಯಲ್ಲಿ ‘ಬೈ’ ಏಳು ಸಲ ಬಂದಿದೆ, ಎಲ್ಲ ಕಡೆಯೂ ಅರ್ಥ ಒಂದೇ ಅಲ್ಲ. ನನ್ನ ಕರಡು ಹೀಗಿದೆ:

“ಸದಸ್ಯರಿಂದ ತೆಗೆಯಲ್ಪಟ್ಟ ಕೆರೆಗಳ ಛಾಯಾಚಿತ್ರಗಳ ಪ್ರದರ್ಶನ. ಚಿತ್ರಗಳನ್ನು ನವೆಂಬರ್ 30ರ ಹೊತ್ತಿಗೆ ಅಂಚೆಯ ಮೂಲಕ ಅಥವಾ ಕೈಯ ಮೂಲಕ ಸಲ್ಲಿಸಬೇಕು. ಅಳತೆ 12ರಿಂದ 18 ಅಂಗುಲ ಮೀರಬಾರದು. ಬಹುಮಾನದ ಚಿತ್ರಗಳು ತೀರ್ಪುಗಾರರಿಂದ ಆಯ್ಕೆ ಮಾಡಲ್ಪಡುತ್ತವೆ. ಸ್ಥಳ: ಕೆರೆಯ ಮೂಲಕ ಇರುವ ಸಭಾಂಗಣ.”

ಕಡೆಯ ಸಾಲು ಸರಿಯಿಲ್ಲವೆಂದು ನನಗೂ ಅನ್ನಿಸುತ್ತಿದೆ. ಎಲ್ಲಕ್ಕೂ ಹೊಂದುವ ಒಂದೇ ಪದವಿದ್ದರೆ ತಿಳಿಸಿ, ಇಲ್ಲದಿದ್ದರೆ ತಿದ್ದಿಕೊಡಿ.

ಧಾರವಾಡದಿಂದ:

ಒಂದೇ ಪದ ಇಲ್ಲ, ಹುಡುಕಲೂ ಬೇಡಿ. ‘12ರಿಂದ 18’ ಎಂದರೆ ಹನ್ನೆರಡರಿಂದ ಹದಿನೆಂಟರವರೆಗೆ. ಹದಿನೈದು ಅಂಗುಲದ ಚೌಕ ಚಿತ್ರ ತಂದವನ ಜೊತೆ ಆಮೇಲೆ ನೀವೇ ಜಗಳವಾಡಬೇಕಾಗುತ್ತದೆ. ‘12 × 18’ ಎಂದು ಬರೆದು ಮುಗಿಸಿ. ಕೆರೆಯ ಮೂಲಕ ಇರುವುದು ತೂಬು ಮಾತ್ರ. ಕೈಯ ಮೂಲಕ ಎಂಬುದಕ್ಕೆ ಸರ್ಕಾರಿ ಪತ್ರಗಳ ನೆತ್ತಿಯ ಮೇಲೆ ಬರೆಯುವ ಮಾತು ‘ಮುದ್ದಾಂ’. ನಾನು ಕಚೇರಿಯಲ್ಲಿದ್ದಷ್ಟು ಕಾಲವೂ ‘ಮುದ್ದಾಂ ಮೂಲಕ’ ಎಂದೇ ಬರೆದೆ, ಒಂದು ಕಾಗದವೂ ದಾರಿ ತಪ್ಪಲಿಲ್ಲ.

ಬೆಂಗಳೂರಿನಿಂದ:

ಮುದ್ದಾಂ ಮರಾಠಿಯಿಂದ ಬಂದದ್ದು, ಅಲ್ಲಿ ಅದಕ್ಕೆ ‘ಬೇಕೆಂದೇ’ ಎಂಬ ಹುರುಳು. ಚಿತ್ರವನ್ನು ಬೇಕೆಂದೇ ಸಲ್ಲಿಸಬೇಕೇ? ನಮ್ಮಲ್ಲಿ ‘ಕೈಯಾರೆ’ ಇರುವಾಗ ಕಂಡವರ ಮನೆಯ ಕದ ತಟ್ಟುವುದೇಕೆ? ಕೆರೆಯ ಮಗ್ಗುಲಿಗೆ ‘ಕೆಲ’ ಎಂಬ ಸೊಗಸಾದ ಹಳೆಯ ಪದವಿದೆ: ‘ಕೆರೆಗೆಲದ ಕೂಡುಮನೆ’. ಫಲಕ ಬೇಡ, ‘ಹಲಗೆ’ ಎನ್ನಿ. ಇನ್ನೊಂದು ಮಾತು. ಇಂಗ್ಲಿಷಿನ ‘ಬೈ’ಗೂ ನಮ್ಮ ‘ಬಳಿ’ಗೂ ಇರುವ ಹೋಲಿಕೆಯನ್ನು ಯಾರೂ ಏಕೆ ಎತ್ತುವುದಿಲ್ಲ? ಸದ್ದೂ ಹತ್ತಿರ, ಹುರುಳೂ ಹತ್ತಿರ.

ಶಿವಮೊಗ್ಗದಿಂದ:

ಸದ್ದು ಹತ್ತಿರವಾದ ಮಾತ್ರಕ್ಕೆ ನೆಂಟಸ್ತಿಕೆ ಹುಟ್ಟುವುದಿಲ್ಲ. ಇಂಗ್ಲಿಷಿನ ಬೈ, ಜರ್ಮನ್ನಿನ ಬೈ, ಗ್ರೀಕಿನ ಆಂಫಿ ಇವೆಲ್ಲ ‘ಸುತ್ತ, ಎರಡೂ ಕಡೆ’ ಎಂಬ ಅರ್ಥದ ಒಂದೇ ಮೂಲದಿಂದ ಬಂದವು ಎನ್ನುತ್ತಾರೆ. ನಮ್ಮ ಕಡೆ ಅದರ ಬಂಧು ಸಂಸ್ಕೃತದ ‘ಅಭಿತಃ’. ಅಂದ ಹಾಗೆ, ‘ಹಲಗೆ’ ಎಂಬುದು ‘ಫಲಕ’ದ ತದ್ಭವ. ಅಚ್ಚಗನ್ನಡದವರು ಹೊರಗೆ ಹಾಕಿದ ಅತಿಥಿಯನ್ನೇ ಹಿತ್ತಲ ಬಾಗಿಲಿನಿಂದ ಒಳಗೆ ಕರೆದಿದ್ದಾರೆ.

ಫಲಕಕ್ಕೆ ನನ್ನ ಸಲಹೆ ‘ದ್ವಾರಾ’. ಅಂಚೆ ದ್ವಾರಾ, ಹಸ್ತ ದ್ವಾರಾ. ಗಂಭೀರವಾಗಿದೆ, ಸಂದೇಹಕ್ಕೆ ಎಡೆಯಿಲ್ಲ. ಅಂಚೆ ಎಂಬ ಪದಕ್ಕೂ ಹಳಗನ್ನಡದಲ್ಲಿ ಹಂಸ ಎಂಬ ಅರ್ಥವಿದೆ, ಸಂದೇಶ ಒಯ್ಯುವ ಹಕ್ಕಿ.

ಧಾರವಾಡದಿಂದ:

ನಳ ದಮಯಂತಿಯರ ಕಾಲಕ್ಕೆ ಸರಿ. ಮೈಸೂರಿನವರು ಲಕೋಟೆಗೆ ಅಂಚೆಚೀಟಿ ಅಂಟಿಸಬೇಕಾಗಿದೆ. ‘ದ್ವಾರಾ’ ಕೇಳಿದರೆ ರೈಲು ನಿಲ್ದಾಣದ ಹಿಂದಿ ಪ್ರಕಟಣೆ ಕೇಳಿದಂತಾಗುತ್ತದೆ.

ಮಂಗಳೂರಿನಿಂದ:

ಕೇಳಿದವರಿಗೆ ಸಂಜೆಯೊಳಗೆ ಉತ್ತರ ಬೇಕು, ಇಲ್ಲಿ ವಂಶಾವಳಿ ಬರೆಯುವುದು ನಡೆದಿದೆ.

‘ಇಂದ’ ಪ್ರತ್ಯಯದಲ್ಲಿ ದೋಷವಿಲ್ಲ, ಅದನ್ನು ಯಾವುದರ ಮುಂದೆ ತಂದು ನಿಲ್ಲಿಸುತ್ತೇವೆ ಎಂಬುದರಲ್ಲಿದೆ. ‘ಮಕ್ಕಳಿಂದ ನಾಟಕ’, ‘ಸಚಿವರಿಂದ ಉದ್ಘಾಟನೆ’, ‘ಊರವರಿಂದ ಶ್ರಮದಾನ’. ಪತ್ರಿಕೆಯ ತಲೆಬರಹದಲ್ಲಿ ಇವನ್ನು ಓದುವಾಗ ಯಾರೂ ಎಡವುವುದಿಲ್ಲ. ಈಗ ‘ಮಕ್ಕಳಿಂದ ಪುಸ್ತಕ’, ‘ಸಚಿವರಿಂದ ಕಟ್ಟಡ’ ಎಂದು ಓದಿ ನೋಡಿ. ಮಕ್ಕಳು ಪುಸ್ತಕ ಬರೆದರೋ, ತಂದುಕೊಟ್ಟರೋ? ಸಚಿವರು ಕಟ್ಟಡ ಕಟ್ಟಿಸಿದರೋ, ದಾನ ಮಾಡಿದರೋ? ಮೊದಲನೆಯ ಗುಂಪಿನಲ್ಲಿ ‘ಇಂದ’ದ ಮುಂದಿರುವುದು ಒಂದು ಕೆಲಸ, ಎರಡನೆಯದರಲ್ಲಿ ಒಂದು ವಸ್ತು. ಮುಂದೆ ವಸ್ತು ಬಂದ ಕೂಡಲೇ ‘ಇಂದ’ವು ‘ಅವರ ಕಡೆಯಿಂದ ಬಂದದ್ದು’ ಎಂಬ ಅರ್ಥಕ್ಕೆ ಜಾರುತ್ತದೆ. ಹಳಗನ್ನಡ ವ್ಯಾಕರಣ ಬರೆದ ಕೇಶಿರಾಜ ತೃತೀಯೆಗೆ ‘ಇಂ’, ಪಂಚಮಿಗೆ ‘ಅತ್ತಣಿಂ’ ಎಂದು ಬೇರೆ ಬೇರೆ ಕೊಟ್ಟ. ಶಾಲೆಯ ಪುಸ್ತಕ ‘ದೆಸೆಯಿಂದ’ ಎಂದು ಬಾಯಿಪಾಠ ಮಾಡಿಸುತ್ತದೆ. ಆದರೆ ಬಳಕೆಯಲ್ಲಿ ಎರಡೂ ಹೊರೆ ಬಿದ್ದಿರುವುದು ಒಂದೇ ‘ಇಂದ’ದ ತಲೆಯ ಮೇಲೆ. ಆದ್ದರಿಂದ ‘ಸದಸ್ಯರಿಂದ ಛಾಯಾಚಿತ್ರಗಳು’ ಎಂದರೆ ಸದಸ್ಯರಿಂದ ಸಂಗ್ರಹಿಸಿದವು ಎಂದೇ ಓದಿಸಿಕೊಳ್ಳುತ್ತದೆ.

ಷಷ್ಠಿಗೆ ಓಡಿದರೆ ಇನ್ನೊಂದು ಹಳ್ಳ. ‘ಸದಸ್ಯರ ಛಾಯಾಚಿತ್ರ ಪ್ರದರ್ಶನ’ ಎಂದರೆ ಸದಸ್ಯರ ಮುಖ ನೋಡಲು ಜನ ಬರುತ್ತಾರೆ. ‘ಮಹಾರಾಜರ ಚಿತ್ರ’ ಎಂದರೆ ಮಹಾರಾಜರನ್ನು ಕುರಿತದ್ದು, ‘ರವಿವರ್ಮನ ಚಿತ್ರ’ ಎಂದರೆ ರವಿವರ್ಮ ಬರೆದದ್ದು. ಪ್ರತ್ಯಯ ಒಂದೇ. ಯಾರು ಚಿತ್ರಕಾರ ಎಂಬುದು ಮೊದಲೇ ಗೊತ್ತಿರುವುದರಿಂದ ನಾವು ಬಚಾವಾಗಿದ್ದೇವೆ. ಎರಡನ್ನೂ ಸೇರಿಸಬೇಕಾದಾಗ ಕನ್ನಡ ಹಿಡಿಯುವ ದಾರಿ ಕೃದಂತ: ‘ರವಿವರ್ಮ ಬರೆದ ಮಹಾರಾಜರ ಚಿತ್ರ’. ನಿಮ್ಮಲ್ಲಿ ‘ಸದಸ್ಯರು ತೆಗೆದ ಕೆರೆಗಳ ಚಿತ್ರಗಳು’. ಇಂಗ್ಲಿಷಿನವರು ವಿಭಕ್ತಿಗಳನ್ನು ಕಳೆದುಕೊಂಡು ‘ಬೈ’ಯಂಥ ಪುಡಿಪದಗಳ ಮೇಲೆ ಬದುಕುತ್ತಿದ್ದಾರೆ. ನಾವು ಕ್ರಿಯಾಪದವನ್ನೇ ನಾಮಪದದ ಹಿಂದೆ ತಂದು ನಿಲ್ಲಿಸಬಲ್ಲೆವು.

‘ತೆಗೆಯಲ್ಪಟ್ಟ’, ‘ಮಾಡಲ್ಪಡುತ್ತವೆ’ ಎಂಬಲ್ಲಿನ ‘ಅಲ್ಪಡು’ವನ್ನು ದಯವಿಟ್ಟು ಬಿಡಿ. ತೀರ್ಪುಗಾರರು ಆಯ್ಕೆ ಮಾಡುತ್ತಾರೆ, ಅಷ್ಟೆ. ಹೊಡೆಯಲ್ಪಟ್ಟವನನ್ನು ಕನ್ನಡದಲ್ಲಿ ನಾನು ಕಂಡಿಲ್ಲ, ಪೆಟ್ಟು ತಿಂದವರನ್ನು ಕಂಡಿದ್ದೇನೆ. ಅಂಚೆಗೆ ‘ಮೂಲಕ’ ನಡೆಯುತ್ತದೆ, ಆದರೂ ‘ಅಂಚೆಯಲ್ಲಿ ಕಳುಹಿಸಿ’ ಎಂಬುದೇ ಸಹಜ. ಬಸ್ಸಿನಲ್ಲಿ ಬಂದೆ ಎನ್ನುತ್ತೇವೆ, ಬಸ್ಸಿನ ಮೂಲಕ ಬಂದೆ ಎಂದರೆ ಹಿಂಬಾಗಿಲಲ್ಲಿ ಹತ್ತಿ ಮುಂಬಾಗಿಲಲ್ಲಿ ಇಳಿದಂತೆ.

ಬೆಂಗಳೂರಿನಿಂದ:

‘ಕೈಯಾರೆ’ಯ ಬಗ್ಗೆ ಮಂಗಳೂರಿನವರು ಏನೂ ಹೇಳಲಿಲ್ಲ.

ಮಂಗಳೂರಿನಿಂದ:

ಕಣ್ಣಾರೆ ಕಂಡೆ, ಕಿವಿಯಾರೆ ಕೇಳಿದೆ, ಮನಸಾರೆ ನಕ್ಕೆ. ಆ ‘ಆರೆ’ಯಲ್ಲಿರುವುದು ತುಂಬುವ, ತಣಿಯುವ ಅರ್ಥ. ಕೈಯಾರೆ ನೆಟ್ಟ ಮರ, ಕೈಯಾರೆ ಮಾಡಿದ ಅಡುಗೆ ಎನ್ನಬಹುದು. ಸ್ಪರ್ಧೆಯ ಲಕೋಟೆಯನ್ನು ಮೇಜಿನ ಮೇಲೆ ಇಡುವುದಕ್ಕೆ ಅಷ್ಟು ತೃಪ್ತಿ ಬೇಕಿಲ್ಲ. ‘ಖುದ್ದಾಗಿ’ ಎಂದು ಬರೆಯಿರಿ, ಫಲಕ ನೋಡಿದವರಿಗೆಲ್ಲ ತಿಳಿಯುತ್ತದೆ.

ಬೆಂಗಳೂರಿನಿಂದ:

ಖುದ್ದು ಪಾರಸಿ.

ಕಲಬುರಗಿಯಿಂದ:

ಹೌದು, ಪಾರಸಿ. ಅರ್ಜಿ, ವಕೀಲ, ತಾರೀಖು, ಜಮೀನು ಇವೂ ಆ ಕಡೆಯಿಂದಲೇ ಬಂದವು. ಅವನ್ನೆಲ್ಲ ವಾಪಸು ಕಳುಹಿಸಿದರೆ ನಮ್ಮ ನ್ಯಾಯಾಲಯದಲ್ಲಿ ಉಳಿಯುವುದು ಬೆಂಚು ಮಾತ್ರ, ಅದೂ ಇಂಗ್ಲಿಷು. ಮುದ್ದಾಂ ಬಗ್ಗೆ: ನಮ್ಮ ಕಡೆ ‘ಮುದ್ದಾಂ ಬನ್ನಿ’ ಎಂದರೆ ತಪ್ಪದೆ, ಅದಕ್ಕೆಂದೇ ಬನ್ನಿ ಎಂದು. ಅದಕ್ಕೆಂದೇ ಕಳುಹಿಸಿದ ಆಳಿನ ಕೈಯಲ್ಲಿ ಬಂದ ಪತ್ರ ಮುದ್ದಾಂ ಪತ್ರ. ಅರ್ಥ ಎಲ್ಲಿಂದ ಎಲ್ಲಿಗೆ ನಡೆಯಿತು ಎಂಬುದು ಇಷ್ಟು ಸ್ಪಷ್ಟವಾಗಿದೆ. ಆದರೆ ಪ್ರದರ್ಶನದ ಫಲಕಕ್ಕೆ ಅದು ತೀರಾ ಕಚೇರಿ ಮಾತು, ಖುದ್ದಾಗಿ ಸಾಕು.

ನಿಮ್ಮ ನಿಜವಾದ ತೊಂದರೆ ಇರುವುದು ತಾರೀಖಿನಲ್ಲಿ. ಅದನ್ನು ಯಾರೂ ಮುಟ್ಟಿಲ್ಲ. ‘30ರ ಹೊತ್ತಿಗೆ’ ಎಂದರೆ ಹೆಚ್ಚುಕಡಿಮೆ ಆ ಸುಮಾರಿಗೆ, ಗಡುವಿಗೆ ಅದು ಆಗದು. ‘30ರವರೆಗೆ ಸಲ್ಲಿಸಬೇಕು’ ಎಂದರೆ ದಿನವೂ ಸಲ್ಲಿಸುತ್ತಲೇ ಇರಬೇಕು ಎಂದಂತೆ. ‘ಸಲ್ಲಿಸಬಹುದು’ ಎಂದರೆ ಪರವಾಗಿಲ್ಲ. ‘30ರೊಳಗೆ’ ಎಂಬುದೇ ಬಳಕೆ, ಆದರೆ 30 ಅದರಲ್ಲಿ ಸೇರಿತೇ ಇಲ್ಲವೇ ಎಂದು ಕೇಳಿದರೆ ಹತ್ತು ಜನರಲ್ಲಿ ಎರಡು ಪಕ್ಷವಾಗುತ್ತದೆ. ಇಂಗ್ಲಿಷಿನಲ್ಲೂ ಇಂಥ ಪುಡಿಪದಗಳ ಜಗಳ ಹೊಸದಲ್ಲ. ಕಾಯ್ದೆಗಳಲ್ಲಿನ ಪದಗಳನ್ನು ಹೇಗೆ ಓದಬೇಕೆಂದು ಹೇಳುವ 1897ರ ಸಾಮಾನ್ಯ ಖಂಡಗಳ ಅಧಿನಿಯಮದ 9ನೆಯ ಕಲಂ ಇರುವುದೇ ಅದಕ್ಕಾಗಿ: ‘ಫ್ರಂ’ ಎಂದರೆ ಮೊದಲ ದಿನವನ್ನು ಬಿಟ್ಟು, ‘ಟು’ ಎಂದರೆ ಕಡೆಯ ದಿನವನ್ನು ಸೇರಿಸಿ. ಕಡೆಯ ದಿನ ಕಚೇರಿ ಮುಚ್ಚಿದ್ದರೆ ಮುಂದೆ ತೆರೆಯುವ ದಿನ ಸಲ್ಲಿಸಬಹುದು ಎಂದು 10ನೆಯ ಕಲಂ. ಆ ಕಾಯ್ದೆ ನಿಮ್ಮ ಫ್ಲೆಕ್ಸಿನ ರಕ್ಷಣೆಗೆ ಬರುವುದಿಲ್ಲ. ನೀವು ಮಾಡಬೇಕಾದದ್ದು ಟೆಂಡರಿನವರು ಮಾಡುವುದನ್ನು: ‘ನವೆಂಬರ್ 30ರ ಸಂಜೆ 5 ಗಂಟೆಯೊಳಗೆ’. ಗಂಟೆ ಬಂದ ಮೇಲೆ ‘ಒಳಗೆ’ ಬಾಯಿ ಮುಚ್ಚಿಕೊಂಡಿರುತ್ತದೆ. ‘ತಲುಪಬೇಕು’ ಎನ್ನಿ, ‘ಸಲ್ಲಿಸಬೇಕು’ ಬೇಡ; 30ರಂದು ಅಂಚೆಪೆಟ್ಟಿಗೆಗೆ ಹಾಕಿದವನು ಸಲ್ಲಿಸಿದೆ ಎಂದು ವಾದಿಸಬಲ್ಲ.

ನ್ಯೂಜೆರ್ಸಿಯಿಂದ:

ತಡವಾಗಿ ನೋಡಿದೆ. ‘ಬೈ’ ಎಂದಾಗಲೆಲ್ಲ ಅದೇ ಬೈ ಎಂದು ತಿಳಿಯಬೇಡಿ. ಸಹಕಾರ ಸಂಘಗಳ ‘ಬೈಲಾ’ವನ್ನು ಕನ್ನಡದಲ್ಲಿ ಉಪವಿಧಿ ಎನ್ನುತ್ತಾರೆ, ಉಪಚುನಾವಣೆ, ಉಪೋತ್ಪನ್ನಗಳ ಸಾಲಿಗೆ ಸೇರಿಸಿ. ಇಂಗ್ಲಿಷಿನ ಬೈ-ಎಲೆಕ್ಷನ್, ಬೈ-ಪ್ರಾಡಕ್ಟ್‌ಗಳಲ್ಲಿ ಇರುವುದು ‘ಪಕ್ಕದ’ ಎಂಬರ್ಥದ ಬೈ. ಬೈಲಾದಲ್ಲಿರುವುದು ಮೂಲತಃ ಬೇರೆ: ಸ್ಕ್ಯಾಂಡಿನೇವಿಯದಿಂದ ಬಂದು ಇಂಗ್ಲೆಂಡಿನಲ್ಲಿ ನೆಲೆಸಿದವರ ಮಾತಿನಲ್ಲಿ ಊರಿಗೆ ಹೇಳುತ್ತಿದ್ದ ಪದ. ಡರ್ಬಿ, ವಿಟ್ಬಿ, ಗ್ರಿಮ್ಸ್‌ಬಿ ಊರುಗಳ ಬಾಲದಲ್ಲಿ ಅದು ಇನ್ನೂ ಇದೆ. ಆ ಲೆಕ್ಕದಲ್ಲಿ ಬೈಲಾ ಎಂದರೆ ಊರಿನ ಕಟ್ಟಳೆ.

ಬೆಂಗಳೂರಿನಿಂದ:

‘ಊರಕಟ್ಟಳೆ’! ಉಪವಿಧಿಯನ್ನು ಇಂದೇ ಕೈಬಿಡಬೇಕು.

ಧಾರವಾಡದಿಂದ:

ಹಾಲು ಉತ್ಪಾದಕರ ಸಂಘಕ್ಕೆ ಊರಕಟ್ಟಳೆಯೇ? ಸಂಘದವರು ಬೈಲಾ ಎಂದೇ ಅಚ್ಚು ಹಾಕಿಸುತ್ತಾರೆ, ಅದರ ಕಲಂ ಹಿಡಿದೇ ಹೊಡೆದಾಡುತ್ತಾರೆ. ಅವರಿಗೆ ಪದದ ಕೊರತೆ ಇಲ್ಲ.

ಶಿವಮೊಗ್ಗದಿಂದ:

ಬಳಕೆಯೇ ಪ್ರಮಾಣ ಎಂದರೆ ವ್ಯಾಕರಣ ಏಕೆ ಬೇಕು? ಪ್ರತಿ ವಿಭಕ್ತಿಗೂ ಒಂದು ನಿಯತ ಪದ ಇಟ್ಟುಕೊಂಡರೆ ಅನುವಾದದಲ್ಲಿ ಗೊಂದಲವೇ ಹುಟ್ಟುವುದಿಲ್ಲ.

ಮಂಗಳೂರಿನಿಂದ:

ಹಾಗೆ ಲೆಕ್ಕ ಹಾಕಿ ಮಾಡಿದ ಅನುವಾದವೊಂದು ನಮ್ಮೆಲ್ಲರ ಬಾಯಲ್ಲೇ ಇದೆ. 1863ರಲ್ಲಿ ಲಿಂಕನ್ ಗೆಟಿಸ್ಬರ್ಗಿನಲ್ಲಿ ಮೂರು ಪುಡಿಪದಗಳನ್ನು ಸಾಲಾಗಿ ಬಳಸಿದ: ಆಫ್, ಬೈ, ಫಾರ್. ನಾವು ಶಾಲೆಯಲ್ಲಿ ಒಪ್ಪಿಸಿದ್ದು ‘ಪ್ರಜೆಗಳಿಂದ, ಪ್ರಜೆಗಳಿಗಾಗಿ, ಪ್ರಜೆಗಳಿಗೋಸ್ಕರ’. ಬೈ ಎಂಬುದು ‘ಇಂದ’ ಆಯಿತು, ಸರಿ. ಫಾರ್ ಎಂಬುದು ‘ಗಾಗಿ’ಯೂ ಆಯಿತು, ‘ಗೋಸ್ಕರ’ವೂ ಆಯಿತು. ಆಫ್ ಎಲ್ಲಿ ಹೋಯಿತು? ಮೂರು ಇದ್ದವು, ಮೂರು ತುಂಬಿಸಿದೆವು, ಅಂಕ ಕೊಟ್ಟರು. ‘ಪ್ರಜೆಗಳದೇ ಆದ, ಪ್ರಜೆಗಳೇ ನಡೆಸುವ, ಪ್ರಜೆಗಳಿಗಾಗಿ ಇರುವ ಸರ್ಕಾರ’ ಎಂದಿದ್ದರೆ ಉದ್ದವಾಗುತ್ತಿತ್ತು, ಆದರೆ ಅರ್ಥವಾಗುತ್ತಿತ್ತು.

ಬೆಂಗಳೂರಿನಿಂದ, ಇನ್ನೊಬ್ಬರು:

ಇಷ್ಟು ಹೊತ್ತಾದರೂ ಯಾರೂ ಬೈಟು ಕಾಫಿಯ ಹೆಸರೆತ್ತಲಿಲ್ಲವಲ್ಲ! ದರ್ಶಿನಿಯಲ್ಲಿ ಒಂದು ಲೋಟ ಎರಡಾಗುವುದು ‘ಒನ್ ಬೈ ಟು’. ಈಗ ಒಂದು ಉದುರಿ ‘ಬೈಟು’ ಮಾತ್ರ ಉಳಿದಿದೆ. ಅದೇ ಬೈ ಬಡಾವಣೆಗೆ ಹೋದರೆ ‘ಥರ್ಟಿ ಬೈ ಫಾರ್ಟಿ’ ನಿವೇಶನ, ಸಾವಿರದ ಇನ್ನೂರು ಚದರಡಿ. ಕಾಫಿಯಲ್ಲಿ ಭಾಗಾಕಾರ, ಮಣ್ಣಿನಲ್ಲಿ ಗುಣಾಕಾರ. ಲೋಟ ಹಿಡಿದವನಿಗೂ ಗೊಂದಲವಿಲ್ಲ, ದಲ್ಲಾಳಿಗೂ ಇಲ್ಲ. ನಮ್ಮ ‘ಇಂದ’ ಏನು ಕಡಿಮೆ? ‘ಮೂರರಿಂದ ಗುಣಿಸು’, ‘ಮೂರರಿಂದ ಭಾಗಿಸು’. ಬೈಟುವನ್ನು ತದ್ಭವ ಪ್ರಕರಣಕ್ಕೆ ಸೇರಿಸಿಕೊಳ್ಳಬೇಕೆಂದು ನನ್ನ ಅರ್ಜಿ.

ಶಿವಮೊಗ್ಗದಿಂದ:

ತಿರಸ್ಕರಿಸಲಾಗಿದೆ.

ಮೈಸೂರಿನಿಂದ:

ಸಭಾಂಗಣದ ಸಾಲು ಬಾಕಿ ಇದೆ. ‘ಕೆರೆಯ ಏರಿಯ ಮೇಲೆ’ ಎಂದು ನಮ್ಮವರೊಬ್ಬರು ಸೂಚಿಸಿದರು. ಸರಿಯೇ?

ಧಾರವಾಡದಿಂದ:

ಏರಿ ಎಂದರೆ ನೀರು ತಡೆಯಲು ಕಟ್ಟಿದ ಒಡ್ಡು. ಅದರ ಮೇಲೆ ಸಭಾಂಗಣ ಕಟ್ಟಿದ್ದರೆ ಮೊದಲು ನೀರಾವರಿ ಇಲಾಖೆಗೆ ತಿಳಿಸಿ. ದಂಡೆ ಹೊಳೆಗೆ ಹೆಚ್ಚು ಒಪ್ಪುತ್ತದೆ. ‘ಕೆರೆಯ ಪಕ್ಕದ ಸಭಾಂಗಣ’ ಎಂದು ಹಾಕಿ. ಆ ‘ಕೆಲ’ ಬೇಡ, ‘ಕೆಲವು ಕೆರೆ’ ಎಂದು ಓದಿಯಾರು.

ಮೈಸೂರಿನಿಂದ:

ಎಲ್ಲರಿಗೂ ವಂದನೆ. ಮುದ್ರಣಕ್ಕೆ ಹೋಗುತ್ತಿರುವುದು ಇದು:

“ಬಳಗದ ಸದಸ್ಯರು ತೆಗೆದ ಕೆರೆಗಳ ಛಾಯಾಚಿತ್ರಗಳ ಪ್ರದರ್ಶನ. ಚಿತ್ರಗಳು ನವೆಂಬರ್ 30ರ ಸಂಜೆ 5 ಗಂಟೆಯೊಳಗೆ ನಮ್ಮನ್ನು ತಲುಪಬೇಕು. ಅಂಚೆಯಲ್ಲಿ ಕಳುಹಿಸಬಹುದು ಅಥವಾ ಖುದ್ದಾಗಿ ತಂದುಕೊಡಬಹುದು. ಅಳತೆ 12 × 18 ಅಂಗುಲ ಮೀರಬಾರದು. ಬಹುಮಾನದ ಚಿತ್ರಗಳನ್ನು ತೀರ್ಪುಗಾರರು ಆಯ್ಕೆ ಮಾಡುತ್ತಾರೆ. ಸ್ಥಳ: ಕೆರೆಯ ಪಕ್ಕದ ಸಭಾಂಗಣ.”

ಮಂಗಳೂರಿನಿಂದ:

ಚೆನ್ನಾಗಿದೆ. ಒಂದೇ ಒಂದು ‘ಇಂದ’ವೂ ಉಳಿದಿಲ್ಲ, ‘ಮೂಲಕ’ವೂ ಇಲ್ಲ. ‘ಅಂಗುಲ’ದ ಬದಲು ‘ಇಂಚು’ ಎಂದರೆ ಚೌಕಟ್ಟು ಹಾಕುವವರಿಗೆ ಅನುಕೂಲ.

ಬೆಂಗಳೂರಿನಿಂದ:

ಇಂಚು ಇಂಗ್ಲಿಷು.

ಶಿವಮೊಗ್ಗದಿಂದ:

ಅಂಗುಲವನ್ನೇ ಉಳಿಸಿ. ಅದು ಸಂಸ್ಕೃತ.

ಬೆಂಗಳೂರಿನಿಂದ:

ಅದಕ್ಕೇ ಅದೂ ಬೇಡ ಎನ್ನುತ್ತಿದ್ದೇನೆ.

ಧಾರವಾಡದಿಂದ:

ಹಾಗಾದರೆ ಗೇಣು ಹಾಕಿ ಅಳೆಯಿರಿ. ಯಾರ ಗೇಣು ಎಂಬುದನ್ನು ಫಲಕದಲ್ಲಿ ನಮೂದಿಸಿ.