ಪುರಸಭೆಯಿಲ್ಲದ ಊರಿಗೆ ಕನ್ನಡದಲ್ಲಿ ಏನೆನ್ನೋಣ?

ಎಲ್ಲರಿಗೂ ನಮಸ್ಕಾರ.

ನಾನಿರುವ ಸಿಲ್ವರ್ ಸ್ಪ್ರಿಂಗ್ ಬಗ್ಗೆ ಇಲ್ಲಿನ ಕನ್ನಡ ಕೂಟದ ಸ್ಮರಣ ಸಂಚಿಕೆಗೆ ಒಂದು ಲೇಖನ ಬರೆಯಲು ಕೂತಿದ್ದೇನೆ. ಎರಡು ವಾರವಾಯಿತು, ಮೊದಲ ವಾಕ್ಯ ದಾಟಲು ಆಗಿಲ್ಲ. ಅಮೆರಿಕದ ಮೇರಿಲ್ಯಾಂಡ್ ರಾಜ್ಯದಲ್ಲಿ, ವಾಷಿಂಗ್ಟನ್ ನಗರದ ಉತ್ತರದ ಎಲ್ಲೆಗೆ ತಾಗಿಕೊಂಡಿರುವ ಈ ಊರನ್ನು ಇಲ್ಲಿ ‘ಅನ್‌ಇನ್‌ಕಾರ್ಪೊರೇಟೆಡ್ ಕಮ್ಯುನಿಟಿ’ ಎನ್ನುತ್ತಾರೆ, ಅಂದರೆ ತನ್ನದೇ ಪುರಸಭೆ ಇಲ್ಲದ ಊರು. ಇದಕ್ಕೆ ‘ಅಸಂಘಟಿತ ಸಮುದಾಯ’ ಎಂಬ ಕನ್ನಡವನ್ನು ಅನುವಾದಗಳಲ್ಲಿ ನೋಡಿದ್ದೇನೆ. ಎರಡು ಪದಗಳೂ ಅರ್ಥ ಕೆಡಿಸುತ್ತವೆ. ಅಸಂಘಟಿತ ಎಂದೊಡನೆ ನಮಗೆ ನೆನಪಾಗುವವರು ಅಸಂಘಟಿತ ಕಾರ್ಮಿಕರು. ಸಮುದಾಯ ಎಂದರೆ ಕನ್ನಡದಲ್ಲಿ ಜನ, ಬಹಳ ಸಲ ಜಾತಿ. ಅದು ನೆಲದ ಹೆಸರಲ್ಲ. ಸಮುದಾಯಕ್ಕೆ ಹೋಗಿಬಂದೆ ಎಂದು ಯಾರೂ ಹೇಳುವುದಿಲ್ಲ. ಹಾಗಾಗಿ ‘ಊರು’ ಎನ್ನುವುದರಲ್ಲಿ ನನಗೆ ಅನುಮಾನವಿಲ್ಲ. ಎಂಥ ಊರು ಎನ್ನುವುದೇ ಪ್ರಶ್ನೆ.

ವಿಷಯ ಇಷ್ಟು. ಸಿಲ್ವರ್ ಸ್ಪ್ರಿಂಗ್‌ನಲ್ಲಿ 2020ರ ಜನಗಣತಿಯ ಪ್ರಕಾರ 81,015 ಜನ. ಮೆಟ್ರೊ ರೈಲು 1978ರಲ್ಲೇ ಬಂದಿದೆ, ಎತ್ತರದ ಕಟ್ಟಡಗಳಿವೆ. ಆದರೆ ಊರಿಗೆ ಮೇಯರ್ ಇಲ್ಲ, ಪುರಸಭೆ ಇಲ್ಲ, ಊರಿನದೇ ಪೊಲೀಸರಿಲ್ಲ. ಪೊಲೀಸು, ಗ್ರಂಥಾಲಯ ಎಲ್ಲವನ್ನೂ ನೋಡಿಕೊಳ್ಳುವುದು ಮಾಂಟ್ಗೊಮರಿ ಕೌಂಟಿ, ಹೆಚ್ಚುಕಡಿಮೆ ನಮ್ಮ ಜಿಲ್ಲೆಯಂಥದ್ದು. ಪೂರ್ವಕ್ಕೆ ನಡೆಯುತ್ತಾ ಹೋಗಿ ಒಂದು ರಸ್ತೆ ದಾಟಿದರೆ ಟಕೋಮಾ ಪಾರ್ಕ್. ಅಲ್ಲಿರುವುದು 17,629 ಜನ. ಅವರಿಗೆ 1890ರಿಂದ ಸ್ವಂತ ಆಡಳಿತ, ಮೇಯರ್, ಕೌನ್ಸಿಲ್, ಪೊಲೀಸರು ಎಲ್ಲ ಇದ್ದಾರೆ. ಆಚೆ ಈಚೆ ಅವೇ ಮರ, ಅವೇ ಹಳೆಯ ಮನೆ. ಪೊಲೀಸ್ ಕಾರಿನ ಮೇಲಿನ ಬರಹ ಬದಲಾದಾಗ ಮಾತ್ರ ಎಲ್ಲೆ ದಾಟಿದ್ದು ತಿಳಿಯುತ್ತದೆ.

ಇದು ಒಂದೂರಿನ ಮಾತಲ್ಲ. 2020ರ ಗಣತಿಯಲ್ಲಿ ಮೇರಿಲ್ಯಾಂಡ್‌ನಲ್ಲಿ ಬಾಲ್ಟಿಮೋರ್ ಬಿಟ್ಟರೆ ಹೆಚ್ಚು ಜನರಿದ್ದ ನಾಲ್ಕು ಊರುಗಳು ಕೊಲಂಬಿಯಾ, ಜರ್ಮನ್‌ಟೌನ್, ವಾಲ್ಡಾರ್ಫ್ ಮತ್ತು ಸಿಲ್ವರ್ ಸ್ಪ್ರಿಂಗ್. ನಾಲ್ಕೂ ಇದೇ ಬಗೆಯವು. ಕೊಲಂಬಿಯಾದಲ್ಲಿ ಲಕ್ಷ ದಾಟಿ ಜನರಿದ್ದಾರೆ. ಇಷ್ಟು ಜನ ಬಾಳುವ ಊರುಗಳಿಗೆ ಕನ್ನಡದಲ್ಲಿ ಸರಿಯಾದ ಹೆಸರಿರಬೇಕು ಎಂಬುದು ನನ್ನ ಆಸೆ.

ಸಾಗರದ ಕಡೆ ಗ್ರಾಮಲೆಕ್ಕಿಗರಾಗಿ ನಿವೃತ್ತರಾದ ನನ್ನ ಅಪ್ಪಯ್ಯನಿಗೆ ಫೋನಿನಲ್ಲಿ ಇದನ್ನೆಲ್ಲ ವಿವರಿಸಿದೆ. ಅವರು ಪೂರ್ತಿ ಕೇಳಿ, “ಹಂಗಾರೆ ನಿಮ್ದು ಮಜರೆ ಆತು ಕೂಸೆ” ಅಂದರು. ಎಷ್ಟು ವರ್ಷವಾಗಿತ್ತು ಆ ಪದ ಕೇಳಿ! ಕಂದಾಯ ಗ್ರಾಮವೊಂದಕ್ಕೆ ಸೇರಿದ, ತನ್ನದೇ ಹೆಸರಿದ್ದರೂ ತನ್ನದೇ ಲೆಕ್ಕವಿಲ್ಲದ ಸಣ್ಣ ಹಳ್ಳಿ ಮಜರೆ. ಬಯಲುಸೀಮೆಯ ಕೆಲವು ಕಡೆ ಇದನ್ನೇ ದಾಖಲೆ ಗ್ರಾಮ ಎನ್ನುತ್ತಾರೆ. ನಮ್ಮಲ್ಲೇ ಬಳಕೆಯಲ್ಲಿರುವ ಪದ ಸಿಕ್ಕಿತೆಂದು ಆ ರಾತ್ರಿಯೇ ಲೇಖನದಲ್ಲಿ ಹಾಕಿಬಿಟ್ಟೆ. ಬೆಳಿಗ್ಗೆ ಓದಿದಾಗ ಒಪ್ಪಿಗೆಯಾಗಲಿಲ್ಲ. ಮಜರೆಗೆ ಒಂದು ಮೂಲ ಗ್ರಾಮ ಇರಬೇಕಲ್ಲ? ಸಿಲ್ವರ್ ಸ್ಪ್ರಿಂಗ್ ಯಾವ ಊರಿಗೂ ಸೇರಿಲ್ಲ. ಕೌಂಟಿಯ ಕಚೇರಿ ಇರುವ ರಾಕ್‌ವಿಲ್ ಬೇರೆಯೇ ನಗರ, ಅದರ ಮೇಯರ್‌ಗೆ ನಮ್ಮ ಮೇಲೆ ಯಾವ ಅಧಿಕಾರವೂ ಇಲ್ಲ.

ಹಾಗೆಂದು ಅಪ್ಪಯ್ಯನ ಪದವನ್ನು ಬಿಟ್ಟುಕೊಡಲು ನನಗೆ ಮನಸ್ಸಿಲ್ಲ. ನ್ಯೂಜೆರ್ಸಿಯ ಐಸಲಿನ್‌ಗೆ ಅದು ಹೇಳಿ ಮಾಡಿಸಿದಂತಿದೆ. ಓಕ್ ಟ್ರೀ ರಸ್ತೆಯ ಸೀರೆ ಅಂಗಡಿ, ಮಿಠಾಯಿ ಅಂಗಡಿಗಳಿಗಾಗಿ ಭಾರತೀಯರೆಲ್ಲರಿಗೂ ಗೊತ್ತಿರುವ ಆ ಊರು ವುಡ್‌ಬ್ರಿಜ್ ಟೌನ್‌ಶಿಪ್‌ನ ಒಳಗಿದೆ. ವುಡ್‌ಬ್ರಿಜ್‌ಗೆ ಮೇಯರ್ ಇದ್ದಾರೆ, ಐಸಲಿನ್‌ಗೆ ಬೇರೆ ಇಲ್ಲ. ಇಂಗ್ಲಿಷಿನವರು ಐಸಲಿನ್, ಸಿಲ್ವರ್ ಸ್ಪ್ರಿಂಗ್ ಎರಡಕ್ಕೂ ಒಂದೇ ಪದ ಹಾಕುತ್ತಾರೆ. ನಾವೂ ಹಾಗೆ ಮಾಡಬೇಕಿಲ್ಲ: ಐಸಲಿನ್ ಮಜರೆ, ಸಿಲ್ವರ್ ಸ್ಪ್ರಿಂಗ್ ಮಜರೆಯಲ್ಲ.

ಇನ್ನು ಎಲ್ಲೆಯ ವಿಚಾರ. ಜನಸಂಖ್ಯೆಯ ಭಾಗ ಬರೆಯುವಾಗ ಇದೇ ನನ್ನನ್ನು ಹೆಚ್ಚು ಕಾಡಿದ್ದು. 2000ದಲ್ಲಿ ಊರಿನ ಜನಸಂಖ್ಯೆ 76,540, 2010ರಲ್ಲಿ 71,452, 2020ರಲ್ಲಿ 81,015. ಜನ ಊರು ಬಿಟ್ಟು ಮತ್ತೆ ಬಂದರೆಂದು ಓದುವವರಿಗೆ ಅನಿಸೀತು. ಹಾಗಾಗಿದ್ದಲ್ಲ. 2010ರ ಗಣತಿಯಲ್ಲಿ ಗೆರೆಯನ್ನೇ ಬದಲಿಸಿ, ಮೊದಲು 9.4 ಚದರ ಮೈಲಿ ಇದ್ದ ಊರನ್ನು 7.9 ಚದರ ಮೈಲಿಗೆ ಇಳಿಸಿದ್ದರು. ಪುರಸಭೆ ಇಲ್ಲದ ಊರಿಗೆ ಕಾನೂನಿನ ಎಲ್ಲೆ ಇರುವುದಿಲ್ಲ. ಗಣತಿಯವರು ಎಣಿಕೆಯ ಅನುಕೂಲಕ್ಕೆ ಒಂದು ಗೆರೆ ಎಳೆಯುತ್ತಾರೆ, ಅಂಚೆಯವರು ಇನ್ನೊಂದು. ಅಂಚೆಯ ಗೆರೆ ಬಹಳ ದೊಡ್ಡದು. ಕೋಲ್ಸ್‌ವಿಲ್‌ನಲ್ಲಿರುವ ಗೆಳತಿಗೆ ಗೃಹಪ್ರವೇಶದ ಪತ್ರಿಕೆ ಕಳಿಸುವಾಗಲೂ ಲಕೋಟೆಯ ಮೇಲೆ ಸಿಲ್ವರ್ ಸ್ಪ್ರಿಂಗ್ ಎಂದೇ ಬರೆದೆ. ಗಣತಿಯ ಪಟ್ಟಿಯಲ್ಲಿ ಅವಳು ನಮ್ಮೂರಿನವಳಲ್ಲ. ಅಪ್ಪಯ್ಯನ ಮಾತಿನಲ್ಲಿ ಹೇಳಬೇಕೆಂದರೆ ಊರಿಗೆ ಹೆಸರಿದೆ, ಚಕ್ಕುಬಂದಿ ಇಲ್ಲ. ಹೆಸರು ಮಾತ್ರ ಗಟ್ಟಿ: 1840ರಲ್ಲಿ ಫ್ರಾನ್ಸಿಸ್ ಪ್ರೆಸ್ಟನ್ ಬ್ಲೇರ್ ಎಂಬವರು ಇಲ್ಲೊಂದು ಒರತೆ ಕಂಡರಂತೆ, ನೀರಿನಲ್ಲಿದ್ದ ಕಾಗೆಬಂಗಾರದ ಚೂರುಗಳು ಬೆಳ್ಳಿಯಂತೆ ಹೊಳೆಯುತ್ತಿದ್ದವಂತೆ.

ಗಣತಿಯವರು ಹೀಗೆ ಗೆರೆ ಎಳೆದ ಊರಿಗೆ ‘ಸೆನ್ಸಸ್ ಡೆಸಿಗ್ನೇಟೆಡ್ ಪ್ಲೇಸ್’ ಎಂಬ ಹೆಸರನ್ನು 1980ರಿಂದ ಬಳಸುತ್ತಿದ್ದಾರೆ. ಇದಕ್ಕೆ ‘ಜನಗಣತಿ ಪಟ್ಟಣ’ ಎನ್ನಬಹುದಿತ್ತು, ಆದರೆ ಭಾರತದಲ್ಲಿ ಆ ಮಾತಿಗೆ ಬೇರೆ ಅರ್ಥ ನೆಲೆಗೊಂಡಿದೆ. ಕನಿಷ್ಠ 5,000 ಜನ, ಮುಖ್ಯ ದುಡಿಮೆಯ ಗಂಡಸರಲ್ಲಿ ಶೇ. 75 ಮಂದಿಯಾದರೂ ಬೇಸಾಯ ಬಿಟ್ಟು ಬೇರೆ ಕೆಲಸದಲ್ಲಿರಬೇಕು, ಚದರ ಕಿ.ಮೀ.ಗೆ 400 ಜನ ಇರಬೇಕು. ಅದಕ್ಕಿಂತ ಮುಖ್ಯವಾಗಿ, ನಮ್ಮ ಜನಗಣತಿ ಪಟ್ಟಣಕ್ಕೆ ಸಾಮಾನ್ಯವಾಗಿ ಗ್ರಾಮ ಪಂಚಾಯಿತಿಯಾದರೂ ಇರುತ್ತದೆ. ಇಲ್ಲಿ ಅದೂ ಇಲ್ಲ. ‘ಗಣತಿಯೂರು’ ಎಂದು ಹೊಸದಾಗಿ ಮಾಡಿಕೊಂಡರೆ ಗೊಂದಲ ತಪ್ಪೀತು ಎಂದು ನನ್ನ ಲೆಕ್ಕ.

‘ಉಪನಗರ’ವನ್ನೂ ಬಳಸಲು ಹಿಂಜರಿಕೆ. ಯಲಹಂಕ ಉಪನಗರ, ಕೆಂಗೇರಿ ಉಪನಗರ ಎಂದು ಕೇಳಿ ಬೆಳೆದವರಿಗೆ ಅದು ನಕ್ಷೆ ಹಾಕಿ ಕಟ್ಟಿದ ಬಡಾವಣೆ. ಸಿಲ್ವರ್ ಸ್ಪ್ರಿಂಗ್ ಹಾಗೆ ಹುಟ್ಟಿದ್ದಲ್ಲ. ‘ಹೊರವಲಯ’ ಎಂದರೆ ಜಾಗ ತಿಳಿಯುತ್ತದೆ, ಊರು ಕಾಣುವುದಿಲ್ಲ. ಸದ್ಯಕ್ಕೆ ‘ವಾಷಿಂಗ್ಟನ್ ಮಗ್ಗುಲಿನ ಊರು’ ಎಂದು ಬಿಡಿಸಿ ಬರೆದಿದ್ದೇನೆ. ಕೌಂಟಿಯನ್ನು ಕೌಂಟಿ ಎಂದೇ ಉಳಿಸಿಕೊಂಡಿದ್ದೇನೆ, ಜಿಲ್ಲೆ ಎಂದರೆ ಓದುವವರು ಜಿಲ್ಲಾಧಿಕಾರಿಯನ್ನು ಹುಡುಕುತ್ತಾರೆ. ಇಲ್ಲಿ ಆಳುವವರು ಚುನಾಯಿತ ಮುಖ್ಯಸ್ಥರು ಮತ್ತು ಕೌನ್ಸಿಲಿನವರು.

ಮೂಲ ಪದಕ್ಕೆ ‘ಪುರಸಭೆಯಿಲ್ಲದ ಊರು’ ಎಂದು ಇಟ್ಟುಕೊಂಡಿದ್ದೇನೆ. ‘ನಿಗಮಿತವಲ್ಲದ’ ಎಂದು ಒಬ್ಬ ವಕೀಲ ಸ್ನೇಹಿತರು ಸೂಚಿಸಿದರು, ಆದರೆ ನಿಗಮ ಎಂದರೆ ಸಾರಿಗೆ ನಿಗಮವೇ ಕಣ್ಣಿಗೆ ಬರುತ್ತದೆ. ನನ್ನ ಪದದ ಕುಂದು ನನಗೇ ಗೊತ್ತು: ಕರ್ನಾಟಕದ ಎಲ್ಲ ಹಳ್ಳಿಗಳೂ ಪುರಸಭೆಯಿಲ್ಲದ ಊರುಗಳೇ. ಮಜರೆಯ ಹಾಗೆ ಒಂದೇ ಉಸಿರಿನಲ್ಲಿ ಹೇಳಬಹುದಾದ, ಯಾರ ಕೈಕೆಳಗೂ ಇರದ ಊರಿಗೆ ಒಪ್ಪುವ ಪದ ನಿಮ್ಮ ಕಡೆ ಇದೆಯೇ? ಹಳೆಯ ಕಡತಗಳನ್ನು ಬಲ್ಲವರು, ಮುಖ್ಯವಾಗಿ ಬೀದರ್, ಕಲಬುರಗಿ ಕಡೆಯವರು ದಯವಿಟ್ಟು ತಿಳಿಸಿ. ಈ ತಿಂಗಳ ಕೊನೆಗೆ ಲೇಖನ ಅಚ್ಚಿಗೆ ಹೋಗುತ್ತದೆ.